ಮೂಜಿ ಎಂದ ಹುಡುಗ ಸಿಕ್ಕಿಬೀಳಲಿ

ನಮಸ್ಕಾರ.

ನಿಮ್ಮ ಹಸ್ತಪ್ರತಿಯನ್ನು ಎರಡು ಸಲ ಓದಿದೆ. ಮೊದಲ ಸಲ ಬಸ್ಸಿನಲ್ಲಿ, ಎರಡನೇ ಸಲ ಪೆನ್ಸಿಲ್ ಹಿಡಿದು. ಕಾಸರಗೋಡಿನ ಬದಿಯಡ್ಕದ ಮೂವರು ಹೈಸ್ಕೂಲು ಮಕ್ಕಳು, ಅವರನ್ನು ಗುಟ್ಟಾಗಿ ಪತ್ತೇದಾರಿಕೆಗೆ ಇಳಿಸುವ ಒಬ್ಬ ಅಧಿಕಾರಿ, ಕರಾವಳಿಯಲ್ಲಿ ಚಿನ್ನ ಮತ್ತು ಮಾದಕ ವಸ್ತು ಸಾಗಿಸುವ ಒಂದು ಗುಂಪು. ಹೀಗೆ ಐದು ಪುಸ್ತಕಗಳ ಸರಣಿ ಬರೆಯುತ್ತೇನೆ ಎಂದಿದ್ದೀರಿ. ಈಗ ಇರುವ ಹಾಗೆ ಇದನ್ನು ನಾವು ಪ್ರಕಟಿಸಲಾರೆವು. ಆದರೆ ಇದನ್ನು ಬಿಟ್ಟುಬಿಡಿ ಅಂತ ಹೇಳಲು ನನಗೆ ಮನಸ್ಸಿಲ್ಲ. ಹದಿಮೂರು ಹದಿನಾಲ್ಕರ ಮಕ್ಕಳಿಗೆ ಕನ್ನಡದಲ್ಲಿ ಸಾಹಸದ ಕಥೆಗಳು ಕಡಿಮೆ. ಗಡಿನಾಡಿನ ಕನ್ನಡ ಶಾಲೆಯ ಮಕ್ಕಳಿಗೆ ತಮ್ಮ ಊರಿನ ಕಥೆ ಇನ್ನೂ ಕಡಿಮೆ. ಅದಕ್ಕೇ ಸ್ವಲ್ಪ ಉದ್ದವಾಗಿ ಬರೆಯುತ್ತಿದ್ದೇನೆ.

ಎಲ್ಲಕ್ಕಿಂತ ಜಾಸ್ತಿ ಬೇಸರವಾದದ್ದು ಮಾತಿನ ವಿಷಯದಲ್ಲಿ. ಕ್ಯಾಮೆರಾ ಇರುವ ಕನ್ನಡಕ, ದನಿ ಬದಲಿಸುವ ಯಂತ್ರ, ಪೆನ್ನಿನೊಳಗೆ ಮೈಕ್, ಹೀಗೆ ಮಕ್ಕಳ ಕೈತುಂಬ ಸಾಮಾನು ಕೊಟ್ಟಿದ್ದೀರಿ. ಮಾತು ಮಾತ್ರ ಎಲ್ಲರಿಗೂ ಒಂದೇ. ಶ್ರಾವ್ಯಾ, ನೌಫಲ್, ಕಿರಣ ಎಂಬ ಆ ಮೂವರು ಮಕ್ಕಳು, ಮೀನು ಮಾರುವ ಹೆಂಗಸು, ಕಳ್ಳರ ನಾಯಕ, ಎಲ್ಲರೂ ಪಠ್ಯಪುಸ್ತಕದ ಕನ್ನಡವನ್ನೇ ಆಡುತ್ತಾರೆ. ಕಾಸರಗೋಡಿನ ಯಾವ ಪೇಟೆಯಲ್ಲಿ ಹೀಗಿದೆ, ಹೇಳಿ?

ನೀವು ಬೆಳೆದದ್ದೂ ಇಲ್ಲೇ ಅಲ್ವಾ? ಮನೆಯಲ್ಲಿ ಒಂದು ಮಾತು, ಶಾಲೆಯಲ್ಲಿ ಒಂದು, ಬಸ್ಸು ಹತ್ತಿದರೆ ಇನ್ನೊಂದು. ಇಲ್ಲಿ 'ನಾನು' ಎಂಬ ಪದವೇ ಹತ್ತು ಹೆಜ್ಜೆಗೊಮ್ಮೆ ಬದಲಾಗುತ್ತದೆ. ಕನ್ನಡದಲ್ಲಿ ನಾನು, ತುಳುವಿನಲ್ಲಿ ಯಾನ್, ಹವ್ಯಕರ ಮನೆಯಲ್ಲಿ ಆನು, ಮಲಯಾಳದಲ್ಲಿ ಞಾನ್, ಕೊಂಕಣಿಯಲ್ಲಿ ಹಾಂವ್. ಬೇರೆ ಊರಿನ ಗೂಢಚಾರ ವರ್ಷಗಟ್ಟಲೆ ಕಲಿಯಬೇಕಾದ ವಿದ್ಯೆ ನಮ್ಮ ಮಕ್ಕಳಿಗೆ ಅಂಗಳದಲ್ಲಿ ಆಡುತ್ತಲೇ ಬಂದಿರುತ್ತದೆ. ಅದನ್ನು ಬಿಟ್ಟು ಅವರಿಗೆ ಕನ್ನಡಕ ಯಾಕೆ ಕೊಟ್ಟಿರಿ?

ಆರನೇ ಅಧ್ಯಾಯ ನೋಡಿ. ತುಳು ಮನೆಯ ಕಿರಣ ತೆಂಕಣದ ಮಲಯಾಳಿ ಹುಡುಗನ ಹಾಗೆ ನಟಿಸುತ್ತ ಕಳ್ಳರ ಗೋದಾಮಿಗೆ ಸೇರಿಕೊಳ್ಳುತ್ತಾನೆ. ಪೆನ್ನಿನ ಬ್ಯಾಟರಿ ಮುಗಿದು ಕೀ ಎಂದು ಸದ್ದಾಗಿ ಸಿಕ್ಕಿಬೀಳುತ್ತಾನೆ. ಅದು ಎಲ್ಲಿ ಬೇಕಾದರೂ ನಡೆಯಬಹುದಾದ ದೃಶ್ಯ. ಅವನ ಕೈಯಲ್ಲಿ ತೆಂಗಿನಕಾಯಿ ಎಣಿಸಿ. ನಾಲ್ಕು ದಿನ ಅವನ ಮಲಯಾಳದಲ್ಲಿ ಒಂದು ತಪ್ಪೂ ಇಲ್ಲ. ಐದನೇ ದಿನ ಸಂಜೆ, ನಿದ್ದೆಗೆಟ್ಟು, ಕಾಯಿ ಎಸೆಯುತ್ತ ಎಣಿಸುತ್ತಾನೆ: ಒನ್ನ್, ರಂಡ್, ಮೂಜಿ. ಮೂನ್ನ್ ಅನ್ನಬೇಕಾದಲ್ಲಿ ಮೂಜಿ. ಆಯಾಸ ಆದಾಗ ಎಣಿಕೆ ಮನೆಮಾತಿಗೆ ಜಾರುತ್ತದೆ. ಗೋದಾಮಿನ ಮುದುಕ ತಲೆ ಎತ್ತುವುದಿಲ್ಲ, ಬೀಡಿ ಮಾತ್ರ ಕೆಳಗಿಡುತ್ತಾನೆ. ಇದನ್ನು ಬರೆಯುವಾಗ ನನ್ನ ಕೈಯೇ ತಣ್ಣಗಾಗುತ್ತಿದೆ. ಕುಂಬಳೆಯ ಓದುಗ ಆ ಒಂದು ಪದಕ್ಕೆ ಎದ್ದು ಕೂರುತ್ತಾನೆ. ಬೆಂಗಳೂರಿನವನಿಗೂ ಅರ್ಥವಾಗುತ್ತದೆ, ಎರಡು ಪುಟ ಮೊದಲು ಕಿರಣನ ಅಜ್ಜಿ ಒಂಜಿ, ರಡ್ಡ್, ಮೂಜಿ ಎಂದು ಎಣಿಸುವುದನ್ನು ತೋರಿಸಿದ್ದರೆ ಸಾಕು.

ಇನ್ನು ಸುರಂಗದ ಅಧ್ಯಾಯ. ನಮ್ಮ ಗುಡ್ಡಗಳ ಸುರಂಗವನ್ನು ಕಥೆಗೆ ತಂದದ್ದು ನನಗೆ ತುಂಬ ಇಷ್ಟವಾಯಿತು. ಆದರೆ ನೀವು ಅದನ್ನು ರಾಜರ ಕಾಲದ ಗುಪ್ತದಾರಿ ಮಾಡಿದ್ದೀರಿ. ಮಕ್ಕಳು ಈ ಕಡೆ ಹೊಕ್ಕು ಗುಡ್ಡದ ಆ ಕಡೆ ಹೊರಬರುತ್ತಾರೆ. ಸುರಂಗ ತೋಡುವುದು ನೀರಿಗಾಗಿ. ಮುರಕಲ್ಲಿನ, ಅಂದರೆ ಜಂಬಿಟ್ಟಿಗೆಯ, ಗುಡ್ಡಕ್ಕೆ ಅಡ್ಡಲಾಗಿ, ಒಬ್ಬ ನಡೆದುಹೋಗುವಷ್ಟೇ ಅಗಲಕ್ಕೆ, ಒರತೆ ಸಿಗುವ ತನಕ ಕೊರೆಯುತ್ತಾರೆ. ಪಂಪಿಲ್ಲದೆ ನೀರು ತಾನೇ ಹರಿದು ಹೊರಗೆ ಬರುತ್ತದೆ. ಸಾಮಾನ್ಯವಾಗಿ ಅದಕ್ಕೆ ಇನ್ನೊಂದು ಬಾಯಿ ಇರುವುದಿಲ್ಲ. ಒಳಗೆ ಗಾಳಿ ಕಡಿಮೆ, ತೋಡುವವರು ದೀಪ ಇಟ್ಟುಕೊಂಡು ಹೋಗುತ್ತಾರೆ, ದೀಪ ನಂದಿದರೆ ಹಿಂದೆ ಬರುತ್ತಾರೆ. ಈಗ ಯೋಚಿಸಿ. ಶ್ರಾವ್ಯಾ ಒಳಗೆ, ಬೆನ್ನಟ್ಟಿದವರು ಬಾಯಲ್ಲಿ, ಕಾಲಡಿ ತಣ್ಣಗಿನ ನೀರು, ಮುಂದೆ ಬರೀ ಗೋಡೆ, ಕೈಯಲ್ಲಿ ಸಣ್ಣಗಾಗುತ್ತಿರುವ ಒಂದು ಮೋಂಬತ್ತಿ. ನಿಜ ಸಂಗತಿ ಎಷ್ಟು ದೊಡ್ಡ ದೃಶ್ಯ ಕೊಡುತ್ತದೆ ನೋಡಿ. ಅವಳು ಹೇಗೆ ಪಾರಾಗುತ್ತಾಳೆ ಅಂತ ನನ್ನನ್ನು ಕೇಳಬೇಡಿ. ಸುರಂಗ ತೋಡಿದ ಹಿರಿಯರೊಬ್ಬರ ಹತ್ತಿರ ಹೋಗಿ ಕೂತು ಕೇಳಿ.

ಸಣ್ಣ ತಪ್ಪುಗಳೂ ಇವೆ. ಬೇಕಲ ಕೋಟೆಯಿಂದ ಓಡಿದ ಮಕ್ಕಳು ಅರ್ಧ ಗಂಟೆಯಲ್ಲಿ ಅನಂತಪುರ ದೇವಸ್ಥಾನದ ಕೆರೆ ತಲುಪುತ್ತಾರೆ. ಬೇಕಲ ಇರುವುದು ಕಾಸರಗೋಡು ಪೇಟೆಯಿಂದ ದಕ್ಷಿಣಕ್ಕೆ, ಅನಂತಪುರ ಉತ್ತರಕ್ಕೆ, ನಡುವೆ ಚಂದ್ರಗಿರಿ ಹೊಳೆ. ಆ ಕೆರೆಯಲ್ಲಿ ಬಬಿಯಾ ಎಂಬ ದೇವಸ್ಥಾನದ ಮೊಸಳೆ ಅವರನ್ನು ನೋಡುತ್ತದೆ ಎಂದು ಬರೆದಿದ್ದೀರಿ. ನಿಮ್ಮ ಕಥೆ ನಡೆಯುವುದು 2023ರ ಬೇಸಿಗೆಯಲ್ಲಿ, ಬಬಿಯಾ 2022ರ ಅಕ್ಟೋಬರಿನಲ್ಲೇ ತೀರಿಕೊಂಡಿತು. ಇಲ್ಲಿನ ಹತ್ತು ವರ್ಷದ ಮಗುವೂ ಈ ತಪ್ಪು ಹಿಡಿಯುತ್ತದೆ. ಹಾಗೆಯೇ ನಿಮ್ಮ ಅಧಿಕಾರಿ 'ರಾ' ಎಂಬ ಗುಪ್ತಚರ ಸಂಸ್ಥೆಯವನು. 1968ರಲ್ಲಿ ಆ ಸಂಸ್ಥೆ ಹುಟ್ಟಿದ್ದು ಹೊರದೇಶದ ಗುಟ್ಟು ತಿಳಿಯಲು. ಚಿನ್ನದ ಕಳ್ಳಸಾಗಣೆ ಹಿಡಿಯುವವರು ಕಸ್ಟಮ್ಸ್‌ನವರು, ಕಂದಾಯ ಗುಪ್ತಚರ ನಿರ್ದೇಶನಾಲಯದವರು (ಡಿಆರ್‌ಐ). ಗಾಂಜಾ ಆದರೆ ಪೊಲೀಸರು, ಅಬಕಾರಿಯವರು.

ಆದರೆ ಆ ಅಧಿಕಾರಿಯ ಬಗ್ಗೆ ನನಗೆ ಇದಕ್ಕಿಂತ ದೊಡ್ಡ ತಕರಾರಿದೆ. ಅವನನ್ನು ನೀವು ತುಂಬ ಒಳ್ಳೆಯವನಾಗಿ ಬರೆದಿದ್ದೀರಿ. ಹದಿನಾಲ್ಕರ ಹುಡುಗಿಯನ್ನು ಕಳ್ಳರ ನಡುವೆ ಕಳಿಸುವ ಮನುಷ್ಯನಿಗೆ ಒಂದು ರಾತ್ರಿಯೂ ನಿದ್ದೆ ಕೆಡುವುದಿಲ್ಲವೇ? ಮಾದಕ ವಸ್ತು ಸಾಗಿಸಲು ಮಕ್ಕಳನ್ನು ಬಳಸುವವರಿಗೆ ನಮ್ಮ 2015ರ ಬಾಲನ್ಯಾಯ ಕಾಯ್ದೆ 78ನೇ ಸೆಕ್ಷನ್ನಿನಲ್ಲಿ 7 ವರ್ಷದವರೆಗೆ ಕಠಿಣ ಶಿಕ್ಷೆ ಇಟ್ಟಿದೆ. ನಿಮ್ಮ ಕಳ್ಳರು ಅದೇ ತಪ್ಪು ಮಾಡುತ್ತಾರೆ. ಅಧಿಕಾರಿಯೂ ಮಕ್ಕಳನ್ನು ಬಳಸುತ್ತಾನೆ, ಒಳ್ಳೆಯ ಕೆಲಸಕ್ಕೆ ಅಷ್ಟೇ. ಶ್ರಾವ್ಯಾಗೆ ಇದು ಒಂದು ದಿನ ಹೊಳೆಯಬೇಕು. ಇದು ಬರೀ ಕಥೆಯ ಮಾತೂ ಅಲ್ಲ. ಬ್ರಿಟನ್ನಿನಲ್ಲಿ 18 ತುಂಬದ ಮಕ್ಕಳನ್ನು ಗುಟ್ಟಾಗಿ ಮಾಹಿತಿ ತರಲು ಬಳಸುವ ಅನುಮತಿಯ ಅವಧಿಯನ್ನು 2018ರಲ್ಲಿ ಒಂದು ತಿಂಗಳಿಂದ ನಾಲ್ಕು ತಿಂಗಳಿಗೆ ಏರಿಸಿದರು. ಅದರ ಬಗ್ಗೆ ಅಲ್ಲಿನ ಸಂಸತ್ತಿನಲ್ಲೂ ಕೋರ್ಟಿನಲ್ಲೂ ಜಗಳವಾಯಿತು.

ಏಳನೇ ಅಧ್ಯಾಯದಲ್ಲಿ ಶ್ರಾವ್ಯಾ ತನ್ನ ಜೀವದ ಗೆಳತಿಗೆ ಸುಳ್ಳು ಹೇಳಿ, ಅವಳ ಅಣ್ಣ ಕಳ್ಳರ ಗುಂಪಿನಲ್ಲಿ ಏನು ಮಾಡುತ್ತಾನೆ ಎಂದು ತಿಳಿದುಕೊಳ್ಳುತ್ತಾಳೆ. ಎಂಟನೇ ಅಧ್ಯಾಯದಲ್ಲಿ ದೋಣಿ ಚೇಸಿಂಗ್ ಶುರುವಾಗುತ್ತದೆ. ಗೆಳತಿ ಮತ್ತೆ ಬರುವುದೇ ಇಲ್ಲ! ನಾನು ಪುಟ ತಿರುಗಿಸುತ್ತ ಅವಳನ್ನೇ ಹುಡುಕುತ್ತಿದ್ದೆ. ಅಣ್ಣ ಜೈಲಿಗೆ ಹೋದ ಮೇಲೆ ಆ ಹುಡುಗಿ ಶಾಲೆಯಲ್ಲಿ ಯಾವ ಬೆಂಚಿನಲ್ಲಿ ಕೂತಳು? ಶ್ರಾವ್ಯಾ ಊಟದ ಡಬ್ಬಿ ಯಾರ ಜೊತೆ ಬಿಚ್ಚಿದಳು? ದೋಣಿ ಚೇಸಿಂಗ್ ಕಾಲು ಭಾಗ ಕಡಿಮೆ ಮಾಡಿ, ಈ ಹುಡುಗಿಗೆ ಜಾಗ ಕೊಡಿ.

ಚೌಕಿಯ, ಅಂದರೆ ವೇಷ ಕಟ್ಟುವ ಕೋಣೆಯ, ಅಧ್ಯಾಯ ಮಾತ್ರ ಮುಟ್ಟಬೇಡಿ. ಯಕ್ಷಗಾನದ ಚೌಕಿಯಲ್ಲಿ ಕಿರಣ ಮುಖಕ್ಕೆ ಬಣ್ಣ ಹಚ್ಚಿಕೊಂಡು ಆಟದ ಮೊದಲು ಕುಣಿಯುವ ಬಾಲಗೋಪಾಲ ವೇಷದ ಹುಡುಗರ ನಡುವೆ ಸೇರಿಕೊಳ್ಳುವುದು, ಕಳ್ಳರು ಅವನ ಎದುರೇ ನಿಂತರೂ ಗುರುತಿಸದೆ ಇರುವುದು, ಎದುರು ಸಾಲಿನಲ್ಲಿ ಕೂತ ಅವನ ಚಿಕ್ಕಮ್ಮ ನಡಿಗೆಯಿಂದಲೇ ಹಿಡಿಯುವುದು, ಎಲ್ಲವೂ ಸರಿಯಾಗಿದೆ. ಅಲ್ಲಿ ಒಂದು ಯಂತ್ರವೂ ಇಲ್ಲ, ಗಮನಿಸಿದಿರಾ? ಯಕ್ಷಗಾನ ಕವಿ ಪಾರ್ತಿಸುಬ್ಬನ ಕುಂಬಳೆಯ ಹತ್ತಿರದ ಹುಡುಗಿ ಬರೆದದ್ದು ಅಂತ ಓದಿದ ಕೂಡಲೇ ಗೊತ್ತಾಗುತ್ತದೆ.

ಎರಡನೇ ಪುಸ್ತಕಕ್ಕೆ ಮಕ್ಕಳನ್ನು ಸಿಂಗಾಪುರಕ್ಕೆ ಕಳಿಸುವ ಯೋಚನೆ ಇದೆಯಂತೆ. ಸದ್ಯಕ್ಕೆ ಬೇಡ. ಕೇರಳ-ಕರ್ನಾಟಕ ಗಡಿಯ ತಲಪಾಡಿ ಇದೆಯಲ್ಲ. 2020ರ ಮಾರ್ಚಿನಲ್ಲಿ ಕೊರೊನಾದಿಂದ ಗಡಿ ಮುಚ್ಚಿ, ರಸ್ತೆಗಳಿಗೆ ಮಣ್ಣು ಸುರಿದಾಗ ಮಂಗಳೂರಿನ ಆಸ್ಪತ್ರೆಗಳನ್ನೇ ನಂಬಿದ್ದ ನಮ್ಮ ರೋಗಿಗಳು ಈಚೆ ಸಿಕ್ಕಿಕೊಂಡರು. ಆಚೆಯಿಂದ ಅಜ್ಜನ ಮಾತ್ರೆ ತರಬೇಕಾದ ಮೂವರು ಮಕ್ಕಳು, ಒಳದಾರಿ, ತೋಟ, ತೋಡು, ಪೊಲೀಸು. ಆಗ ನೀವೂ ಶಾಲೆಗೆ ಹೋಗುತ್ತಿದ್ದಿರಿ, ನೆನಪಿರಬೇಕು.

ಪೂರ್ತಿ ಪುಸ್ತಕವನ್ನು ಒಮ್ಮೆಲೇ ತಿದ್ದಲು ಹೋಗಬೇಡಿ. ತೆಂಗಿನಕಾಯಿ ಎಣಿಸುವ ಅಧ್ಯಾಯ ಮತ್ತು ಗೆಳತಿಯ ಅಧ್ಯಾಯ, ಇವೆರಡನ್ನು ಬರೆದು ಕಳಿಸಿ. ಕಳಿಸುವ ಮೊದಲು ತುಳು, ಮಲಯಾಳ, ಬ್ಯಾರಿ ಮಾತುಗಳನ್ನು ಆಯಾ ಮನೆಯವರ ಮುಂದೆ ಗಟ್ಟಿಯಾಗಿ ಓದಿಸಿ. ನೌಫಲ್‌ನ ಅಮ್ಮನ ಮಾತು ನೀವು ಊಹಿಸಿ ಬರೆದದ್ದು ಅಂತ ಕಾಣುತ್ತದೆ. ಬಂದ ವಾರದೊಳಗೆ ಓದಿ ನಾನೇ ಫೋನ್ ಮಾಡುತ್ತೇನೆ.