ಓದುಗರ ಪ್ರಶ್ನೆ, ನಮ್ಮ ಉತ್ತರ: ಕಾಂಬೋಡಿಯಾದ ರಾಕ್ ಹಾಡು ಕಾಯೋರು

ಪ್ರಶ್ನೆ: ಹೋದ ಸಂಚಿಕೇಲಿ ಕಾಂಬೋಡಿಯಾದ ಹಳೇ ರಾಕ್ ಹಾಡು ಹುಡುಕಿ ಜೋಪಾನ ಮಾಡೋರ ಬಗ್ಗೆ ಎರಡೇ ಸಾಲು ಬರೆದು ಬಿಟ್ಟುಬಿಟ್ರಿ. ಅಲ್ಲಿಗೆ ರಾಕ್ ಹೆಂಗ್ ಬಂತು ಸಾರ್?

ಉತ್ತರ: ಜಾಸ್ತಿ ರೇಡಿಯೋದಿಂದ. ಪಕ್ಕದ ವಿಯೆಟ್ನಾಂನಲ್ಲಿದ್ದ ಅಮೆರಿಕನ್ ಸೈನಿಕರಿಗೆ ಅಂತ ಇದ್ದ ಸ್ಟೇಷನ್ನು ಕಾಂಬೋಡಿಯಾದ ರಾಜಧಾನಿ ನೋಮ್ ಪೆನ್‌ನಲ್ಲೂ ಕೇಳಿಸ್ತಿತ್ತು, ಫ್ರೆಂಚ್ ಹಾಡು ಲ್ಯಾಟಿನ್ ಹಾಡು ಅದಕ್ಕೂ ಮುಂಚೇನೇ ಬಂದಾಗಿತ್ತು, ದೇಶ ಆಳ್ತಿದ್ದ ಸಿಹಾನೂಕ್ ಬೇರೆ ತಾನೇ ಹಾಡು ಕಟ್ಟೋ ಖಯಾಲಿ ಇದ್ದ ಮನುಷ್ಯ. ಗಾಯಕ ಸಿನ್ ಸಿಸಾಮುತ್, ಗಾಯಕಿಯರಾದ ರೊಸ್ ಸೆರೇಸೊಥಿಯಾ, ಪಾನ್ ರಾನ್ ಅಂದ್ರೆ ಅಲ್ಲಿ ಮನೆಮಾತು.

ಪ್ರಶ್ನೆ: ರೆಕಾರ್ಡ್ ಸಿಕ್ತು, ಕಂಪ್ಯೂಟರಿಗೆ ಹಾಕ್ಕೊಂಡ್ರು, ಮುಗೀತು. ಅದಕ್ಕೆ ಈ ಜೋಪಾನ ಮಾಡೋರಿಗೆ ಜೀವನಪೂರ್ತಿ ಯಾಕೆ ಬೇಕು?

ಉತ್ತರ: ರೆಕಾರ್ಡ್ ಸಿಗೋದೇ ಕಷ್ಟ ಕಣ್ರೀ. 1975ರ ಏಪ್ರಿಲ್ 17ಕ್ಕೆ ಖ್ಮೇರ್ ರೂಜ್ ಅನ್ನೋ ಉಗ್ರ ಕಮ್ಯುನಿಸ್ಟರ ಸೈನ್ಯ ನೋಮ್ ಪೆನ್‌ಗೆ ನುಗ್ಗಿ ಇಡೀ ಊರನ್ನೇ ಖಾಲಿ ಮಾಡಿಸ್ತು, ಮೇಲೆ ಹೇಳಿದ ಮೂರೂ ಜನ ವಾಪಸ್ ಬರಲೇ ಇಲ್ಲ, ಹೆಂಗೆ ಎಲ್ಲಿ ಸತ್ರು ಅಂತ ಇವತ್ತಿಗೂ ಒಬ್ಬೊಬ್ಬರು ಒಂದೊಂದ್ ಹೇಳ್ತಾರೆ. ಸ್ಟುಡಿಯೋ ಟೇಪುಗಳೂ ಬಹುಪಾಲು ಹೋದ್ವು. ಉಳಿದಿದ್ದು ಯಾರೋ ಬಚ್ಚಿಟ್ಟಿದ್ದ, ಹೊತ್ಕೊಂಡು ಓಡಿದ್ದ ರೆಕಾರ್ಡು ಕ್ಯಾಸೆಟ್ಟು ಅಷ್ಟೇ. ಆಮೇಲೆ ಅಮೆರಿಕ, ಫ್ರಾನ್ಸ್ ಸೇರಿದ ನಿರಾಶ್ರಿತರ ನಡುವೆ ಕಾಪಿಯ ಕಾಪಿಯ ಕಾಪಿ ಓಡಾಡ್ತು, ಕೆಲವರು ಹಳೇ ದನಿ ಮೇಲೆ ಡ್ರಮ್ ಮಷೀನ್ ಕೂರಿಸಿದ್ರು, ಸ್ಪೀಡು ಏರಿಸಿದ್ರು, ಕವರ್ ಮೇಲೆ ತಪ್ಪು ಹೆಸರು ಹಾಕಿದ್ರು. 1996ರಲ್ಲಿ ನ್ಯೂಯಾರ್ಕ್‌ನಿಂದ ಒಂದು ಸಂಗ್ರಹ ಬಂತು, ಹೊರದೇಶದವರಿಗೆ ಈ ಹಾಡುಗಳ ಹುಚ್ಚು ಹಿಡಿಸಿದ್ದೇ ಅದು, ಆದ್ರೆ ಅದರಲ್ಲಿ ಹಾಡಿದವರ ಹೆಸರೇ ಇರಲಿಲ್ಲ!

ಹಂಗಾಗಿ ಈ ಕೆಲಸ ಮಾಡೋರಿಗೆ ಮಷೀನ್ ಮುಂದೆ ಕೂರೋದಕ್ಕಿಂತ ಪತ್ತೇದಾರಿಕೇನೇ ಜಾಸ್ತಿ. ಮೂಲ 45 ಆರ್‌ಪಿಎಂ ರೆಕಾರ್ಡ್ (ನಿಮಿಷಕ್ಕೆ 45 ಸುತ್ತು ತಿರುಗೋ ಚಿಕ್ಕ ತಟ್ಟೆ) ಸಿಕ್ರೆ ಅದರ ಲೇಬಲ್ ಓದಿ ಹಾಡಿದ್ದು ಯಾರು, ಬರೆದಿದ್ದು ಯಾರು ಅಂತ ನೋಡ್ಬೇಕು, ಕ್ಯಾಸೆಟ್ ಕಾಪಿ ಜೊತೆ ಇಟ್ಟು ಕೇಳಿದ್ರೆ ಸ್ಪೀಡ್ ಎಷ್ಟು ಕೆಡಿಸಿದ್ರು ಅನ್ನೋದೂ ಗೊತ್ತಾಗುತ್ತೆ. ಲೇಬಲ್ ಇಲ್ಲ ಅಂದ್ರೆ ಆ ಕಾಲದ ಹಿರಿಯರ ಮುಂದೆ ಹಾಡು ಹಾಕಿ ಕಾಯೋದು. ಆ ಹಿರಿಯರಿಗೂ ವಯಸ್ಸಾಗ್ತಿದೆ, ಅದೇ ಅವಸರ.

ಪ್ರಶ್ನೆ: ಹಂಗಾದ್ರೆ ಡ್ರಮ್ ಸೇರಿಸಿದ ಕ್ಯಾಸೆಟ್ಟೆಲ್ಲ ಕಸಕ್ಕೆ ಹಾಕಬಹುದಲ್ವಾ?

ಉತ್ತರ: ಬೇಡಪ್ಪ! ಕೆಲವು ಹಾಡಿಗೆ ಉಳಿದಿರೋದೇ ಆ ಒಂದು ಕಾಪಿ. ಅದೂ ಅಲ್ದೆ ದೇಶ ಬಿಟ್ಟು ಬಂದೋರು ಮದುವೆ ಮನೇಲಿ ಕುಣಿದಿದ್ದು ಅದಕ್ಕೇ, ಅದೂ ಚರಿತ್ರೇನೇ ಅಂತ ನನ್ನ ವಾದ. ಶುದ್ಧ ಪ್ರತಿ ಮಾತ್ರ ಇಟ್ಕೋತೀವಿ ಅನ್ನೋ ಸಂಗ್ರಾಹಕರನ್ನ ಕಂಡ್ರೆ ನಂಗೆ ಸ್ವಲ್ಪ ಅಲರ್ಜಿ.

ಪ್ರಶ್ನೆ: ದುಡ್ಡು ಬರುತ್ತಾ?

ಉತ್ತರ: ಇಲ್ಲ. ದುಡ್ಡು ಬಂದ್ರೂ ಹಾಡಿದವರ ಮನೆಯವರಿಗೆ ಹೋಗ್ಬೇಕು ತಾನೆ, ಸಿಸಾಮುತ್ ಮಕ್ಕಳು ಮೊಮ್ಮಕ್ಕಳು ಹಕ್ಕಿಗೋಸ್ಕರ ಎಷ್ಟೋ ವರ್ಷ ಓಡಾಡಿದ್ರು. ನೋಮ್ ಪೆನ್ ಕಡೆ ಹೋದ್ರೆ ಬೋಫಾನಾ ಸೆಂಟರ್‌ಗೆ ಹೋಗಿ, ಸಿನಿಮಾ ನಿರ್ದೇಶಕ ರಿಥಿ ಪಾನ್ 2006ರಲ್ಲಿ ಶುರು ಮಾಡಿಸಿದ್ದು, ಹಳೇ ಫಿಲ್ಮು ಹಳೇ ದನಿ ಎಲ್ಲ ಅಲ್ಲಿ ಕೂತು ನೋಡಬಹುದು, ಕೇಳಬಹುದು, ಫ್ರೀ.