ಆ ‘ನಾವು’ ಒಳಗೆ ನಾನಿದ್ದೀನಾ?

(ಓದುಗರ ಪ್ರಶ್ನೆಗಳಿಗೆ ಕೋಲಾರದ ನಿವೃತ್ತ ಕನ್ನಡ ಉಪನ್ಯಾಸಕಿಯೊಬ್ಬರ ಉತ್ತರ)

ಪ್ರಶ್ನೆ: ಮೇಡಂ, ನಾನು ಮುಳಬಾಗಿಲು ತಾಲ್ಲೂಕಿನವಳು. ಬೆಂಗಳೂರಿನಲ್ಲಿ ಕೆಲಸ. ರಾಜ್ಯೋತ್ಸವಕ್ಕೆ ಆಫೀಸಿನ ಕನ್ನಡ ಬಳಗದವರು ನನಗೆ ಭಾಷಣ ಮಾಡು ಅಂದಿದ್ದಾರೆ. ‘ತಾಯಿಯ ಎದೆಹಾಲಿನ ಜೊತೆ ಬಂದ ಭಾಷೆ’, ‘ಕನ್ನಡವೇ ನನ್ನ ಉಸಿರು’ ಅಂತ ಬರೆದುಕೊಂಡೆ. ಜೋರಾಗಿ ಓದಿ ನೋಡಿದಾಗ ಯಾಕೋ ಗಂಟಲು ಕಟ್ಟಿತು. ನಮ್ಮ ಮನೆ ಮಾತು ತೆಲುಗು. ಅಮ್ಮ ಈಗಲೂ ಫೋನಿನಲ್ಲಿ ‘ತಿನ್ನಾವಾ’ ಅಂತಲೇ ಕೇಳುತ್ತಾರೆ. ನಾನು ಸುಳ್ಳು ಹೇಳುತ್ತಿದ್ದೇನಾ? ಇಲ್ಲಾ, ಹೀಗೆ ಹೇಳಿ ಹೇಳಿಯೇ ಜನ ಕನ್ನಡದವರಾಗುತ್ತಾರಾ?

ಉತ್ತರ: ನಿನ್ನ ಎರಡನೇ ಪ್ರಶ್ನೆ ತುಂಬಾ ಹಿಡಿಸಿತಮ್ಮ. ಅಲ್ಲಿಂದಲೇ ಶುರು ಮಾಡುತ್ತೇನೆ.

ಹೌದು, ಹೇಳಿ ಹೇಳಿಯೇ ಆಗುತ್ತಾರೆ. ಕಾವೇರಿಯಿಂದ ಗೋದಾವರಿಯವರೆಗೆ ಕನ್ನಡ ನಾಡು ಅಂತ ಪ್ರತಿ ನವೆಂಬರಿನಲ್ಲೂ ಕೇಳುತ್ತೇವಲ್ಲ, ಆ ಮಾತು ಕವಿರಾಜಮಾರ್ಗದ್ದು. 9ನೇ ಶತಮಾನದಲ್ಲಿ ರಾಷ್ಟ್ರಕೂಟರ ನೃಪತುಂಗನ ಆಸ್ಥಾನದಲ್ಲಿ ಹುಟ್ಟಿದ ಗ್ರಂಥ. ನಮಗೆ ಸಿಕ್ಕಿರುವ ಕನ್ನಡ ಗ್ರಂಥಗಳಲ್ಲಿ ಅದೇ ಎಲ್ಲಕ್ಕಿಂತ ಹಳೆಯದು. ಅದು ಚರಿತ್ರೆ ಪುಸ್ತಕವಲ್ಲ, ಭೂಗೋಳದ್ದೂ ಅಲ್ಲ. ಮಾತನ್ನು ಹೇಗೆ ಕಟ್ಟಬೇಕು, ಅಲಂಕಾರ ಎಲ್ಲಿ ಒಪ್ಪುತ್ತದೆ, ಎಲ್ಲಿ ದೋಷವಾಗುತ್ತದೆ ಅಂತ ಹೇಳಿಕೊಡುವ ಪುಸ್ತಕ. ಸಂಸ್ಕೃತದ ದಂಡಿಯ ಕಾವ್ಯಾದರ್ಶದ ಜಾಡು ಹಿಡಿದದ್ದು. ನಮ್ಮ ನಾಡಿನ ಎಲ್ಲೆಯನ್ನು ಹೇಳಿದ್ದು ಮಾತಿನ ಕಲೆ ಕಲಿಸುವ ಪುಸ್ತಕ! ಇದು ಸುಮ್ನೆ ಆದದ್ದು ಅಂತ ನನಗೆ ಯಾವತ್ತೂ ಅನ್ನಿಸಿಲ್ಲ. ನಕ್ಷೆಯಲ್ಲಿ ಆ ನಾಡು ಇಲ್ಲದಿದ್ದ ಕಾಲದಲ್ಲೂ ಆ ಸಾಲು ಇತ್ತು. ಜನ ಅದನ್ನು ಹೇಳಿಕೊಂಡೇ ಒಂದಾದರು.

ನಮ್ಮ ಸೀಮೆಯದೇ ಇನ್ನೊಂದು ನೋಡು. ಗಂಗರು ಮೊದಲು ಆಳಿದ್ದು ಕೋಲಾರದಿಂದ. ಆಗ ಈ ಊರಿನ ಹೆಸರು ಕುವಳಾಲ. ಆಮೇಲೆ ರಾಜಧಾನಿ ತಲಕಾಡಿಗೆ ಹೋಯಿತು. ಆದರೂ ಶಾಸನಗಳಲ್ಲಿ ಅವರು ‘ಕುವಳಾಲಪುರವರೇಶ್ವರ’, ‘ನಂದಗಿರಿನಾಥ’ ಅಂತಲೇ ಕರೆಸಿಕೊಂಡರು. ನಂದಗಿರಿ ಅಂದರೆ ನಮ್ಮ ನಂದಿಬೆಟ್ಟ. ವಾಸ ಕಾವೇರಿ ದಡದಲ್ಲಿ, ಬಿರುದು ಬಯಲುಸೀಮೆಯದು. ಊರು ಬಿಟ್ಟು ತಲೆಮಾರುಗಳೇ ಕಳೆದವರು ಹೀಗೆ ಹೇಳಿಕೊಂಡರೆ ಅದನ್ನು ಸುಳ್ಳು ಅನ್ನಲಾದೀತಾ? ತಾವು ಎಲ್ಲಿಯವರು ಅನ್ನುವುದನ್ನು ಮೊಮ್ಮಕ್ಕಳಿಗೆ ದಾಟಿಸಲು ಅವರಿಗೆ ಇದ್ದದ್ದು ಆ ಬಿರುದೇ.

ಈಗ ನಿನ್ನ ಭಾಷಣಕ್ಕೆ ಬರುತ್ತೇನೆ. ಎದೆಹಾಲಿನ ಸಾಲು ನಿನ್ನದಲ್ಲ, ತೆಗೆದುಬಿಡು. ಮನೆಯಲ್ಲಿ ಕನ್ನಡ ಆಡುವವರಿಗೆ ಅದು ನಿಜವೇ, ಅವರು ಹೇಳಲಿ. ಆದರೆ ಅದನ್ನೇ ಅಳತೆಗೋಲು ಮಾಡಿಕೊಂಡರೆ ನಮ್ಮ ಜಿಲ್ಲೆಯಲ್ಲಿ ಎಷ್ಟೋ ಮನೆಗಳು ಹೊರಗೆ ಉಳಿಯುತ್ತವೆ. ಮುಳಬಾಗಿಲು, ಶ್ರೀನಿವಾಸಪುರದ ಕಡೆ ತೆಲುಗು. ಕೆಜಿಎಫ್‌ನಲ್ಲಿ ತಮಿಳು. ಉರ್ದು ಎಲ್ಲ ಕಡೆ. ಮಾಲೂರು ತಾಲ್ಲೂಕಿನಲ್ಲಿ ಹುಟ್ಟಿದ ಮಾಸ್ತಿಯವರೂ ಹೊರಗೆ ನಿಲ್ಲಬೇಕಾಗುತ್ತಿತ್ತು! ಅವರ ಮನೆ ಮಾತು ತಮಿಳು. 1983ರ ಜ್ಞಾನಪೀಠವನ್ನು ಕನ್ನಡಕ್ಕೆ ತಂದವರು ಅವರು. ‘ಮಾಸ್ತಿ ಕನ್ನಡದ ಆಸ್ತಿ’ ಅಂತ ಪ್ರಾಸ ಹಾಕಿ ಹೇಳುವ ಜನ ಮನೆಯಲ್ಲಿ ಯಾವ ಭಾಷೆ ಅಂತ ಕೇಳಲಿಲ್ಲ. ಕೈವಾರದ ತಾತಯ್ಯನವರು ತೆಲುಗಿನಲ್ಲೂ ಹಾಡಿದರು, ಕನ್ನಡದಲ್ಲೂ ಹಾಡಿದರು. ನಮ್ಮ ಕಡೆಯ ಭಜನೆಗಳಲ್ಲಿ ಎರಡೂ ಬರುತ್ತವೆ. ತಾತಯ್ಯ ಯಾರವರು ಅಂತ ಯಾರೂ ಜಗಳ ತೆಗೆಯುವುದಿಲ್ಲ.

ಭಾಷಣ ಸ್ಪರ್ಧೆಗೆ ಹುಡುಗರನ್ನು ತಯಾರು ಮಾಡುವಾಗ ನಾನೊಂದು ಕೆಲಸ ಮಾಡಿಸುತ್ತಿದ್ದೆ. ಬರೆದದ್ದರಲ್ಲಿ ಎಲ್ಲೆಲ್ಲಿ ‘ನಾವು’ ಬಂದಿದೆಯೋ ಅಲ್ಲೆಲ್ಲ ಗೆರೆ ಎಳೆಯಬೇಕು. ಸಭೆಯಲ್ಲಿ ಕೂತ ಒಬ್ಬೊಬ್ಬರನ್ನೂ ನೆನೆಸಿಕೊಂಡು, ಇವರೂ ಆ ‘ನಾವು’ ಒಳಗೆ ಇದ್ದಾರಾ ಅಂತ ನೋಡಬೇಕು. ಹಿಂದಿನ ಬೆಂಚಿನ ಹುಡುಗಿ, ಟೀ ತರುವ ಅಜ್ಜ, ಎಲ್ಲರನ್ನೂ. ಯಾರಾದರೂ ಹೊರಗೆ ಉಳಿದರೆ ಆ ಸಾಲನ್ನು ತಿರುಗಿ ಬರೆಯಬೇಕು. ನೀನೂ ಹಾಗೇ ಮಾಡು. ಆಮೇಲೆ ಕನ್ನಡ ನಿನಗೆ ಎಲ್ಲಿ ಸಿಕ್ಕಿತೋ ಅಲ್ಲಿಂದ ಶುರು ಮಾಡು. ಒಂದನೇ ಕ್ಲಾಸಿನ ಟೀಚರಿಂದಲಾ? ಬಸ್ಸಿನ ಬೋರ್ಡು ಓದಿಯಾ? ಗೆಳತಿಯ ಜೊತೆ ಮೊದಲ ಸಲ ಜಗಳ ಆಡಿದ್ದು ಯಾವ ಭಾಷೆಯಲ್ಲಿ? ಅಮ್ಮನ ‘ತಿನ್ನಾವಾ’ ಕೂಡ ಧೈರ್ಯವಾಗಿ ಹೇಳು. ನಿನ್ನ ಆಫೀಸಿನಲ್ಲಿ ತುಳು, ಕೊಂಕಣಿ, ಉರ್ದು, ಲಂಬಾಣಿ ಮನೆಯವರು ಇದ್ದೇ ಇರುತ್ತಾರೆ. ಆ ಮಾತಿಗೆ ಅವರು ಕಿವಿ ಕೊಡುತ್ತಾರೆ ನೋಡು.

ಪ್ರಶ್ನೆ: ನಾನು ಗೌರಿಬಿದನೂರು ತಾಲ್ಲೂಕಿನ ಹೈಸ್ಕೂಲ್ ಮೇಷ್ಟ್ರು. ವಿದುರಾಶ್ವತ್ಥವನ್ನು ‘ದಕ್ಷಿಣದ ಜಲಿಯನ್‌ವಾಲಾಬಾಗ್’ ಅಂತ ಹೆಮ್ಮೆಯಿಂದ ಪಾಠ ಮಾಡುತ್ತೇನೆ. ಒಬ್ಬ ಹುಡುಗಿ, ‘ಯಾಕೆ ಸಾರ್, ನಮ್ಮೂರ ಹೆಸರೇ ಸಾಲದಾ’ ಅಂದಳು. ಏನು ಹೇಳಲಿ?

ಉತ್ತರ: ಮೊದಲು ಅವಳಿಗೆ ಶಹಬ್ಬಾಸ್ ಹೇಳಿ ಸರ್.

ಆ ಹೋಲಿಕೆಯಿಂದ ಉಪಯೋಗ ಇಲ್ಲದಿಲ್ಲ. ದೂರದವರಿಗೆ ಒಂದೇ ಮಾತಿಗೆ ಗೊತ್ತಾಗುತ್ತದೆ: ಜನ ಸೇರಿದ್ದರು, ಗುಂಡು ಹಾರಿತು, ಸಾವಾಯಿತು. ಆದರೆ ಅದು ಒಂದು ದೊಡ್ಡ ವಿಷಯವನ್ನು ಮರೆ ಮಾಡುತ್ತದೆ. 1919ರಲ್ಲಿ ಅಮೃತಸರದಲ್ಲಿ ಗುಂಡು ಹಾರಿಸಲು ಹೇಳಿದವನು ಬ್ರಿಟಿಷ್ ಸೇನಾಧಿಕಾರಿ ಡೈಯರ್. 1938ರ ಏಪ್ರಿಲ್ 25ರಂದು ವಿದುರಾಶ್ವತ್ಥದಲ್ಲಿ ಹಾರಿಸಿದವರು ಮೈಸೂರು ಸಂಸ್ಥಾನದ ಪೊಲೀಸರು. ನಮ್ಮದೇ ಸರ್ಕಾರ, ನಮ್ಮದೇ ದಿವಾನರು. ಜನ ಕೇಳಿದ್ದು ಬಾವುಟ ಹಾರಿಸುವ ಹಕ್ಕು. ಅದೇ ತಿಂಗಳು ಮದ್ದೂರಿನ ಹತ್ತಿರ ಶಿವಪುರದಲ್ಲಿ ಧ್ವಜ ಸತ್ಯಾಗ್ರಹ ಆಗಿತ್ತು. ಗುಂಡೇಟು ಆದ ಮೇಲೆ ಸರ್ದಾರ್ ವಲ್ಲಭಭಾಯಿ ಪಟೇಲರು ಬಂದು ದಿವಾನ್ ಮಿರ್ಜಾ ಇಸ್ಮಾಯಿಲರ ಜೊತೆ ಮಾತಾಡಿದರು. ಮೇ ತಿಂಗಳಲ್ಲಿ ಒಪ್ಪಂದ ಆಯಿತು. ಸಂಸ್ಥಾನದ ಬಾವುಟದ ಜೊತೆ ಕಾಂಗ್ರೆಸ್ ಬಾವುಟವನ್ನೂ ಹಾರಿಸಬಹುದು ಅಂತ ಸರ್ಕಾರ ಒಪ್ಪಿತು.

ನಮ್ಮ ಪಾಠಗಳಲ್ಲಿ ಒಂದು ಕಡೆ ಮೈಸೂರು ‘ಮಾದರಿ ಸಂಸ್ಥಾನ’. ಇನ್ನೊಂದು ಕಡೆ ‘ದಕ್ಷಿಣದ ಜಲಿಯನ್‌ವಾಲಾಬಾಗ್’. ಎರಡನ್ನೂ ಬೇರೆ ಬೇರೆ ದಿನ ಕೇಳುವ ಮಗು, ಗುಂಡು ಹಾರಿಸಿದವರು ಬಿಳಿಯರೇ ಇರಬೇಕು ಅಂದುಕೊಳ್ಳುತ್ತದೆ. ಕಾಲುವೆ, ಕರೆಂಟು, ಶಾಲೆ ಕೊಟ್ಟ ಸರ್ಕಾರವೇ ತನ್ನ ಜನದ ಮೇಲೆ ಬಂದೂಕು ಎತ್ತಿತು ಅನ್ನುವುದು ಅದಕ್ಕೆ ಗೊತ್ತಾಗುವುದೇ ಇಲ್ಲ. ಹಳ್ಳಿಯ ಜನ ಆ ಸರ್ಕಾರವನ್ನು ಮಣಿಸಿದರು ಅನ್ನುವುದೂ ಗೊತ್ತಾಗುವುದಿಲ್ಲ. ನನಗೆ ಇದೇ ಜಾಸ್ತಿ ನೋವು. ಆ ಹುಡುಗಿ ಯಾರ ಮೊಮ್ಮಗಳು ಅಂತ ಹೇಳಿಕೊಳ್ಳಬಹುದಾದ ಹೆಮ್ಮೆ ಇರುವುದೇ ಅಲ್ಲಿ. ಎರಡು ಪಾಠವನ್ನೂ ಒಂದೇ ದಿನ ಮಾಡಿ ಸರ್. ವಿದುರಾಶ್ವತ್ಥ ಅಂತಲೇ ಕರೆಯಿರಿ.

ಪ್ರಶ್ನೆ: ಮೇಡಂ, ನಾನು ಕೋಲಾರದವನು. ಹೊರ ಜಿಲ್ಲೆಯ ಹಾಸ್ಟೆಲಿನಲ್ಲಿದ್ದೇನೆ. ಅಲ್ಲಿ ನನ್ನನ್ನು ಎಲ್ಲರೂ ‘ಬರ’ ಅಂತ ಕರೆಯುತ್ತಾರೆ. ಈಗ ನಾನೇ ಹಾಗೆ ಹೇಳಿಕೊಳ್ಳಲು ಶುರು ಮಾಡಿದ್ದೇನೆ.

ಉತ್ತರ: ನೀನು ಹೇಳಿಕೊಳ್ಳುವುದನ್ನು ಇವತ್ತೇ ನಿಲ್ಲಿಸಪ್ಪ. ‘ಬರಪೀಡಿತ ಜಿಲ್ಲೆ’ ಅನ್ನುವುದು ನಾವು ಸರ್ಕಾರದ ಮುಂದೆ ನೀರು ಕೇಳುವಾಗ ಆಡಿದ ಮಾತು. ಅಲ್ಲಿ ಅದು ಬೇಕಿತ್ತು. ಒಬ್ಬ ಹುಡುಗನಿಗೆ ಅಂಟಿಸುವ ಹೆಸರಲ್ಲ ಅದು. ವರ್ಷವಿಡೀ ಹರಿಯುವ ನದಿ ಇಲ್ಲದ ಈ ನೆಲದಲ್ಲಿ ಸಾವಿರಾರು ಕೆರೆ ಕಟ್ಟಿದವರು ನಮ್ಮ ಹಿಂದಿನವರು. ನಮ್ಮ ಎಪಿಎಂಸಿಯ ಟೊಮೆಟೊ ಮಾರುಕಟ್ಟೆ ಏಷ್ಯಾದ ದೊಡ್ಡ ಮಾರುಕಟ್ಟೆಗಳಲ್ಲಿ ಒಂದು. ಇದನ್ನೆಲ್ಲ ವಾದಕ್ಕೆ ಅಂತ ಅಲ್ಲ, ನಿನಗೇ ಗೊತ್ತಿರಲಿ ಅಂತ ಹೇಳಿದೆ. ಅವರಿಗೆ ಒಂದೇ ಮಾತು ಹೇಳು: ಹೆಸರಿದೆ, ಹೆಸರು ಹಿಡಿದು ಕರೀರಿ. ಕೇಳದಿದ್ದರೆ ವಾರ್ಡನ್‌ಗೆ ಬರೆದು ಕೊಡು.