ಪೀಟರ್ ಹುಕ್ ಲೇಖನ ವಾಪಸ್ ಕಳಿಸುತ್ತಿದ್ದೇನೆ, ತಿದ್ದಿ ಕೊಡಿ

ನಮಸ್ಕಾರ,

ಇಂಗ್ಲೆಂಡಿನ ಜಾಯ್ ಡಿವಿಷನ್, ನ್ಯೂ ಆರ್ಡರ್ ರಾಕ್ ಬ್ಯಾಂಡ್‌ಗಳ ಬಾಸ್ ಗಿಟಾರ್ ವಾದಕ ಪೀಟರ್ ಹುಕ್ ಬಗ್ಗೆ ನೀವು ಕಳಿಸಿದ ಲೇಖನ ಓದಿದೆ. ಈಗಿರುವ ಹಾಗೆ ಹಾಕಲು ಆಗುವುದಿಲ್ಲ. ನೀವು ತುಂಬಾ ಓದಿಕೊಂಡಿದ್ದೀರಿ, ನಿಜ. ಆದರೆ ಓದಿದ್ದನ್ನೆಲ್ಲ ತಂದು ಸುರಿದಿದ್ದೀರಿ. ಆಲ್ಬಂಗಳ ಪಟ್ಟಿಯನ್ನಂತೂ ಪೂರ್ತಿ ಕಿತ್ತುಹಾಕಿ.

ಮೊದಲ ಎರಡು ಪುಟ ಜಾಯ್ ಡಿವಿಷನ್ ಗಾಯಕ ಇಯಾನ್ ಕರ್ಟಿಸ್ ಸಾವಿಗೇ ಹೋಗಿದೆ. 1980ರ ಮೇ 18, ನಾಳೆ ಅಮೆರಿಕಕ್ಕೆ ಹೊರಡಬೇಕು ಅನ್ನುವಾಗ, 23 ವರ್ಷದ ಹುಡುಗ ಆತ್ಮಹತ್ಯೆ ಮಾಡಿಕೊಂಡ. ಇಷ್ಟು ಹೇಳಿದರೆ ಓದುವವರ ಎದೆ ಝಲ್ಲೆನ್ನುತ್ತದೆ. ಅದರ ಮೇಲೆ ‘ಸಂಗೀತಾಕಾಶದಲ್ಲಿ ಕಾರ್ಮೋಡ’ ಯಾಕೆ? ನೀವು ಬರೆಯಲು ಹೊರಟಿದ್ದು ಉಳಿದವನ ಕಥೆ ಅಲ್ವಾ? ಹುಕ್ ಬರುವುದೇ ಮೂರನೇ ಪುಟದಲ್ಲಿ.

‘ಹುಕ್ ಬಾಸ್ ಶೈಲಿ ವಿಶಿಷ್ಟವಾದದ್ದು’ ಎಂದು ಒಂದೇ ಸಾಲಲ್ಲಿ ಮುಗಿಸಿದ್ದೀರಿ. ನನಗೆ ಸಿಟ್ಟು ಬಂದದ್ದು ಇಲ್ಲೇ. ಏನು ವಿಶಿಷ್ಟ, ಹೇಳಿ. ಬಾಸ್ ಸಾಮಾನ್ಯವಾಗಿ ಕೆಳಗಿನ ಸ್ವರಗಳಲ್ಲಿ ಡ್ರಮ್ಸ್ ಜೊತೆ ಸಾಗುವ ವಾದ್ಯ. ಹುಕ್ ಹತ್ತಿರ ಇದ್ದ ಸ್ಪೀಕರ್ ತೀರಾ ಕಳಪೆ. ಬ್ಯಾಂಡ್‌ನ ಜೊತೆಗಾರ ಬರ್ನಾರ್ಡ್ ಸಮ್ನರ್ ಗಿಟಾರ್ ಜೋರು ಮಾಡಿದರೆ ಕೆಳಗಿನ ಸ್ವರ ನುಡಿಸಿದವನಿಗೇ ಕೇಳಿಸುತ್ತಿರಲಿಲ್ಲ. ಅದಕ್ಕೇ ಮೇಲಿನ ಸ್ವರಗಳಿಗೆ ಹೋದ. ಇಯಾನ್‌ಗೆ ಅದು ಹಿಡಿಸಿತು, ಹಾಗೇ ನುಡಿಸು ಅಂದ. ಹಾಡಿನ ಧಾಟಿಯನ್ನು ಬಾಸ್ ಹಿಡಿಯಿತು, ಗಿಟಾರ್ ಅದರ ಸುತ್ತ ಗೀಚತೊಡಗಿತು. ಇದನ್ನು ಎರಡು ಪ್ಯಾರಾ ಬರೆಯಿರಿ. ಯಾವುದಾದರೂ ಒಂದು ಹಾಡನ್ನು ಇಯರ್‌ಫೋನ್ ಹಾಕಿಕೊಂಡು ಕೇಳಿ, ಬಾಸ್ ಎಲ್ಲಿ ಏಳುತ್ತದೆ, ಎಲ್ಲಿ ನಿಲ್ಲುತ್ತದೆ ನೋಡಿ ಬರೆಯಿರಿ.

ಪೋಸ್ಟ್-ಪಂಕ್ ಅಂದರೇನು ಎಂಬ ವ್ಯಾಖ್ಯಾನವೂ ಬೇಡ. 1976ರ ಜೂನ್ 4ರಂದು ಮ್ಯಾಂಚೆಸ್ಟರ್‌ನಲ್ಲಿ ಪಂಕ್ ರಾಕ್ ಬ್ಯಾಂಡ್ ಸೆಕ್ಸ್ ಪಿಸ್ಟಲ್ಸ್ ಕಾರ್ಯಕ್ರಮ ನೋಡಿ, ಮರುದಿನವೇ ಬಾಸ್ ಕೊಂಡವನು ಹುಕ್. ನುಡಿಸಲು ಬರುತ್ತಿರಲಿಲ್ಲ. ಬರದಿದ್ದರೂ ಶುರುಮಾಡಬಹುದು ಅಂತ ಪಂಕ್ ತೋರಿಸಿತು. ಶುರುವಾದ ಮೇಲೆ ಇವರಂಥ ಬ್ಯಾಂಡ್‌ಗಳು ಕಂಡುಕೊಂಡ ದಾರಿಯೇ ಪೋಸ್ಟ್-ಪಂಕ್. ನಡುವೆ ದಾಸರ ಪದಗಳ ಹೋಲಿಕೆ ಯಾಕೆ ಬಂತೋ! ಮ್ಯಾಂಚೆಸ್ಟರ್ ಮ್ಯಾಂಚೆಸ್ಟರ್ ಆಗಿಯೇ ಇರಲಿ.

ಇನ್ನು ದುಡ್ಡು. ‘ವೃತ್ತಿಬದುಕು’ ಅಂತ ಶೀರ್ಷಿಕೆ ಇಟ್ಟು ದುಡ್ಡಿನ ಮಾತೇ ಎತ್ತದಿದ್ದರೆ ಹೇಗೆ? 1982ರಲ್ಲಿ ಇವರ ರೆಕಾರ್ಡ್ ಕಂಪನಿ ಫ್ಯಾಕ್ಟರಿ ರೆಕಾರ್ಡ್ಸ್ ಮತ್ತು ಇಯಾನ್ ಸತ್ತ ಮೇಲೆ ಉಳಿದವರು ಕಟ್ಟಿದ ನ್ಯೂ ಆರ್ಡರ್ ಸೇರಿ ಮ್ಯಾಂಚೆಸ್ಟರ್‌ನಲ್ಲಿ ಹಾಸಿಯೆಂಡಾ ಎಂಬ ನೈಟ್‌ಕ್ಲಬ್ ತೆರೆದರು. ಕ್ಲಬ್ ಹೆಸರು ಮಾಡಿತು, ರೆಕಾರ್ಡ್ ಮಾರಿ ಬಂದ ದುಡ್ಡನ್ನು ನುಂಗಿತು. ಕಂಪನಿ 1992ರಲ್ಲಿ ದಿವಾಳಿ, ಕ್ಲಬ್ 1997ರಲ್ಲಿ ಬಂದ್.

2007ರಲ್ಲಿ ಹುಕ್ ಬ್ಯಾಂಡ್ ಬಿಟ್ಟ. 2011ರಲ್ಲಿ ಉಳಿದವರು ಅವನಿಲ್ಲದೆ ನ್ಯೂ ಆರ್ಡರ್ ಹೆಸರಲ್ಲೇ ಮತ್ತೆ ಶುರುಮಾಡಿದರು. ಜಗಳ ಕೋರ್ಟ್‌ಗೆ ಹೋಗಿ, 2017ರಲ್ಲಿ ರಾಜಿಯಾಯಿತು. ಇದನ್ನು ‘ಕೆಲವು ಭಿನ್ನಾಭಿಪ್ರಾಯಗಳು’ ಎಂದು ತೇಲಿಸಬೇಡಿ. ಯಾರು ಸರಿ ಅಂತ ತೀರ್ಪು ಕೊಡುವುದೂ ಬೇಡ. ಹೆಸರು ಯಾರಿಗೆ ಸೇರಿದ್ದು, ದುಡ್ಡಿನಲ್ಲಿ ಪಾಲು ಎಷ್ಟು ಎಂಬುದೇ ಜಗಳ ಅಂತ ನೇರವಾಗಿ ಬರೆಯಿರಿ.

ನಿಮ್ಮ ಕೊನೆಯ ಪ್ಯಾರಾದಲ್ಲಿ ಒಂದು ಒಳ್ಳೆಯ ಮಾತಿದೆ. 2010ರಲ್ಲಿ ಕಟ್ಟಿದ ‘ದಿ ಲೈಟ್’ ಬ್ಯಾಂಡ್‌ನಲ್ಲಿ ಇಯಾನ್ ಹಾಡಿದ್ದನ್ನು ಹುಕ್ ಹಾಡುತ್ತಾನೆ, ಅಪ್ಪನ ಬಾಸ್ ಸಾಲುಗಳನ್ನು ಮಗ ಜ್ಯಾಕ್ ಬೇಟ್ಸ್ ನುಡಿಸಿದ್ದಾನೆ. ಲೇಖನ ಅಲ್ಲಿಂದಲೇ ಶುರುವಾಗಲಿ. ಸಾವಿರದ ಇನ್ನೂರು ಪದ ಮೀರಬೇಡಿ. ತಿದ್ದಿ ಕಳಿಸಿದರೆ ಖಂಡಿತ ಮತ್ತೆ ಓದುತ್ತೇನೆ.

— ಸಂಪಾದಕ